ತೂಕದ ಸಾಹೇಬನ ಕೊಲೆಸ್ಟ್ರಾಲು

ನನ್ನ ಹೆಂಡತಿಯ ತಮ್ಮ, ಅಂದ್ರೆ ನನ್ನ ಭಾವಮೈದ, ತೂಕ-ಅಳತೆ ಇಲಾಖೆಯ ಇನ್‌ಸ್ಪೆಕ್ಟರು. ಅವನು ಮಾರ್ಕೆಟ್ಟಿಗೆ ಕಾಲಿಟ್ಟ ಅಂದ್ರೆ ತಕ್ಕಡಿಗಳು ತಾವಾಗೇ ನೆಟ್ಟಗೆ ನಿಲ್ತಿದ್ವು. ಒಂದ್ಸಲ ಈರುಳ್ಳಿ ಅಂಗಡಿಯ ತಕ್ಕಡಿ ತಟ್ಟೆ ಮೇಲೆ ನೊಣ ಕೂತಿತ್ತಂತೆ. ಅದು ಹಾರೋ ತನಕ ಕಾದು, "ಹ್ಞಾಂ, ಈಗ ತೂಗಿ" ಅಂದನಂತೆ. ನೊಣಕ್ಕೂ ದಂಡ ಹಾಕ್ದ ಅಂತ ಆಮೇಲೆ ಸೇರಿಸಿದ್ದು ನಾನು.

ಅವನ ಸೂತ್ರ ಒಂದೇ. "ಭಾವ, ಹೇಳಿ ಹೋದ್ರೆ ಎಲ್ಲಾ ತಕ್ಕಡೀನೂ ಸತ್ಯಸಂಧ. ಹೇಳ್ದೆ ಹೋಗ್ಬೇಕು, ಆಗ ಬಣ್ಣ ಬಯಲಾಗುತ್ತೆ."

ಇಂಥವನ ರಕ್ತದಲ್ಲಿ ಕೆಟ್ಟ ಕೊಲೆಸ್ಟ್ರಾಲು ವಿಪರೀತ ಅಂತ ಗೊತ್ತಾಯ್ತು ನೋಡಿ. ಆಳು ಕಡ್ಡಿ ಪೈಲ್ವಾನ. ಬೆಣ್ಣೆ ಕಂಡ್ರೆ ಮುಖ ತಿರುಗಿಸೋನು. ಆದ್ರೆ ಅವರಪ್ಪ, ನಮ್ಮ ಮಾವನೋರು, ಹೆಚ್ಚುಕಮ್ಮಿ ಇದೇ ವಯಸ್ಸಲ್ಲಿ ಕುರ್ಚೀಲಿ ಪೇಪರ್ ಹಿಡ್ಕೊಂಡೇ ಹೋಗ್ಬಿಟ್ಟಿದ್ರು, ಹಾರ್ಟ್ ಅಟ್ಯಾಕು. ಹಾಗಾಗಿ ಅವನ ಹೆಂಡತಿಗೆ ಜೀವ ಕೈಯಲ್ಲಿ.

ಡಾಕ್ಟರಮ್ಮ ದಿನಾ ಒಂದು ಮಾತ್ರೆ ಬರೆದ್ರು, ಆರು ತಿಂಗಳಿಗೊಂದು ರಕ್ತ ಪರೀಕ್ಷೆ ಅಂದ್ರು. ಪ್ರತಿಸಲಾನೂ ಫಸ್ಟ್ ಕ್ಲಾಸು! ಇವನು ಎದೆ ಸೆಟೆಸಿಕೊಂಡು, "ಎಲ್ಲಾ ಬೆಳ್ಳುಳ್ಳಿ ನೀರಿನ ಮಹಿಮೆ ಭಾವ. ಮಾತ್ರೆ ಬರೀ ನೆಪಕ್ಕೆ" ಅಂತಿದ್ದ. ಆಫೀಸಲ್ಲಿ ಅವನ ಪಕ್ಕದ ಕುರ್ಚಿ ಖಾಲಿಯಾಯ್ತು. ಸೊಳ್ಳೆಗಳು ಗಂಟುಮೂಟೆ ಕಟ್ಟಿಕೊಂಡು ಆ ಬೀದೀನೇ ಬಿಟ್ಟುಹೋದ್ವು. ನನಗೂ ಒಂದು ಬಾಟ್ಲಿ ತಂದುಕೊಟ್ಟ. ನಾನೂ ಅದೇ ಖಾಯಿಲೆಯವನೇ. ಅವನ ಮರ್ಯಾದೆಗೆ ನೀರು ಕುಡಿದೆ, ನನ್ನ ಜೀವಕ್ಕೆ ಮಾತ್ರೆ ನುಂಗಿದೆ.

ಒಂದಿನ ಅವನ ಹೆಂಡತಿ ಫೋನ್ ಮಾಡಿದ್ಲು.

"ಅಣ್ಣಾ, ಇವರ ತೂಕದ ಬೊಟ್ಟಿನ ಪೆಟ್ಟಿಗೆ ಒರೆಸ್ತಿದ್ದೆ. ಅಡೀಲಿ ಮಾತ್ರೆ ಪಟ್ಟಿಗಳು ಒಂದೂ ಹರೀದೆ ಹಾಗೇ ಇವೆ. ಎಣಿಸಿ ಲೆಕ್ಕ ಹಾಕ್ದೆ. ಪರೀಕ್ಷೆಗೆ ಒಂದು ತಿಂಗಳು ಇರೋವಾಗ ಶುರು ಮಾಡ್ತಾರೆ, ಪರೀಕ್ಷೆ ಮುಗೀತಿದ್ದಂಗೇ ನಿಲ್ಲಿಸ್ತಾರೆ!"

ಊರಿಗೆಲ್ಲ ಶಕುನ ಹೇಳೋ ಹಲ್ಲಿ ತಾನೇ ಬಚ್ಚಲಿಗೆ ಬಿದ್ದಿತ್ತಂತೆ!

"ಚೆನ್ನಾಗಿ ಬೈದ್ಯೇನಮ್ಮ?"

"ಬೈದ್ರೆ ಪೆಟ್ಟಿಗೆ ಬದಲಾಯಿಸ್ತಾರೆ ಅಷ್ಟೆ. ಅವರ ದಾರೀಲೇ ಹಿಡೀತೀನಿ, ನೋಡ್ತಿರಿ."

ಮಾರನೇ ದಿನ ಬೆಳಿಗ್ಗೆ ಇವನ ಬಾಯಲ್ಲಿ ಇನ್ನೂ ಬ್ರಷ್ಷಿದೆ, ಬಾಗಿಲಲ್ಲಿ ಲ್ಯಾಬಿನ ಹುಡುಗಿ ಸೂಜಿ ಡಬ್ಬಿ ಹಿಡ್ಕೊಂಡು ನಿಂತಿದ್ದಾಳೆ.

"ನನ್ನ ಪರೀಕ್ಷೆ ಇನ್ನೂ ಮೂರು ತಿಂಗಳಿದೆಯಲ್ಲ!"

"ಗೊತ್ತು ರೀ," ಅಂದ್ಲು ಹೆಂಡತಿ. "ಹೇಳಿ ಬಂದ್ರೆ ಎಲ್ಲಾ ತಕ್ಕಡೀನೂ ಸತ್ಯಸಂಧ ಅಲ್ವಾ?"

ಇಷ್ಟು ವರ್ಷ ಅಂಗಡಿಯೋರು ಇವನಿಗೆ ಹೇಳಿದ ಸಬೂಬೆಲ್ಲ ಇವನ ಬಾಯಿಂದಲೇ ಬಂದ್ವು. ನಿನ್ನೆ ತನಕ ಸರಿ ಇತ್ತು ಅಂದ. ಹವಾಮಾನಕ್ಕೆ ಹೀಗಾಗಿರುತ್ತೆ ಅಂದ. ಕೊನೆಗೆ ಆ ಹುಡುಗಿಗೆ, "ನಾಳೆ ಬಾಮ್ಮ, ಯಜಮಾನ್ರು ಊರಲ್ಲಿಲ್ಲ" ಅಂದ್ಬಿಟ್ಟ!

ಸಂಜೆ ರಿಪೋರ್ಟು ಬಂತು. ಅಂಕಿ ಮೊದಲಿದ್ದ ಮೆಟ್ಟಿಲಿಗೇ ಹತ್ತಿ ಕೂತಿತ್ತು. ಈ ಸಲ ಹೆಂಡತಿ ಮಾತಲ್ಲಿ ಚುಚ್ಚಲಿಲ್ಲ.

"ಮಾವ ಕೂತಿದ್ದ ಕುರ್ಚೀಲೇ ಕೂತಿದೀರಿ ನೀವು," ಅಂದ್ಲು ಅಷ್ಟೆ.

ಇವನು ಎದ್ದು ನೆಲದ ಮೇಲೆ ಕೂತ. ಆಮೇಲೆ ಬಾಯಿ ಬಿಟ್ಟ. "ಆ ಮಾತ್ರೆ ನುಂಗಿದ್ರೆ ಮೀನಖಂಡ ಹಿಂಡುತ್ತೆ ಕಣೆ. ಮಾರ್ಕೆಟ್ ಸುತ್ತೋಕಾಗಲ್ಲ. ಡಾಕ್ಟರಿಗೆ ಹೇಳಿದ್ರೆ, ತಿರುಗಾಟ ಬಿಡಿ, ಆಫೀಸಲ್ಲಿ ಕೂತ್ಕೊಳ್ಳಿ ಅಂದ್ರೆ?"

ಡಾಕ್ಟರಮ್ಮನ ಹತ್ರ ನಾನೂ ಹೋಗಿದ್ದೆ, ತಮಾಷೆ ನೋಡೋಕೆ. ಆಯಮ್ಮ ನಕ್ಕುಬಿಟ್ರು.

"ಕಾಲು ನೋವು ಅಂತ ಅವತ್ತೇ ಹೇಳೋದಲ್ವೇನ್ರೀ? ಡೋಸ್ ಇಳಿಸ್ಬಹುದಿತ್ತು. ಬೇರೆ ಜಾತಿ ಮಾತ್ರೆ ಇದೆ. ಅದೂ ಒಗ್ಗದಿದ್ರೆ ಇಂಜೆಕ್ಷನ್ ಇದೆ. ತಿರುಗಾಟ ಮಾತ್ರ ಬಿಡ್ಲೇಬೇಡಿ, ಅದೂ ಔಷಧಿನೇ."

"ಮತ್ತೆ ಬೆಳ್ಳುಳ್ಳಿ?"

"ಸಾರಿಗೆ ಹಾಕಿ. ನಿಮ್ಮ ಕೊಲೆಸ್ಟ್ರಾಲು ಬಾಯಿಂದ ಬಂದಿದ್ದಲ್ಲ, ಅಪ್ಪನಿಂದ ಬಂದಿದ್ದು. ಅದನ್ನ ಲಿವರ್ರೇ ತಯಾರು ಮಾಡುತ್ತೆ. ಪಥ್ಯ ಒಂದೇ ಸಾಲದು."

ಸ್ನಾಯುವಿಗೇನೂ ಪೆಟ್ಟಾಗಿಲ್ಲ ಅಂತ ಖಾತ್ರಿ ಮಾಡ್ಕೊಳ್ಳೋಕೆ ಇನ್ನೊಂದು ರಕ್ತ ಪರೀಕ್ಷೆ ಮಾಡಿಸಿ, ಬೇರೆ ಮಾತ್ರೆ ಕಡಿಮೆ ಡೋಸಲ್ಲಿ ಕೊಟ್ರು. ಕಾಲು ಹಿಂಡ್ಲಿಲ್ಲ. ಈಗ ಊಟ ಆದ್ಮೇಲೆ ಹೆಂಡತಿ ಎದುರಿಗೇ ನುಂಗಿ, ನಾಲಿಗೆ ಚಾಚಿ ತೋರಿಸ್ತಾನೆ, ಒಂದನೇ ಕ್ಲಾಸ್ ಹುಡುಗನ ಹಾಗೆ. ಸೊಳ್ಳೆಗಳೂ ವಾಪಸ್ ಬಂದಿವೆ.

ಮೊನ್ನೆ ನನ್ನ ಪಕ್ಕಕ್ಕೆ ಸರಿದು, "ಭಾವ, ಆ ಲ್ಯಾಬಿನ ಹುಡುಗಿ ಮತ್ತೆ ಯಾವಾಗ ಬರ್ತಾಳೆ ಅಂತ ಇವಳೇನಾದ್ರೂ ಹೇಳಿದ್ಲಾ?" ಅಂತ ಪಿಸುಗುಟ್ಟಿದ.

ನನಗೆ ಗೊತ್ತು. ಗುರುವಾರ.

"ನಂಗೇನಪ್ಪ ಗೊತ್ತು?" ಅಂದೆ.