ತಲೆದಿಂಬಿನ ಮೇಲೆ ಬಾರಿಸಿದವನು

ನಮ್ಮ ಊರಿನವರ ಸಂಘ ನನ್ನ ತಮ್ಮ ಮಯೂರನಿಗೆ ಮಾಡಿದ ಸನ್ಮಾನ ನೆನೆದರೆ ಇವತ್ತಿಗೂ ನನಗೆ ಮೈಯೆಲ್ಲ ಉರಿಯುತ್ತದೆ.

ಮುಂಬಯಿ ಹತ್ತಿರದ ಠಾಕುರ್ಲಿಯ ನಮ್ಮ ಒಂದು ಕೋಣೆಯ ಮನೆಗೆ ಅವನು ಡ್ರಮ್ ಸೆಟ್ ತಂದದ್ದು 2002ರಲ್ಲಿ. ಅವತ್ತೇ ಮೇಲಿನ ಮಹಡಿಯಿಂದ ಸಂಘದ ಕಾರ್ಯದರ್ಶಿ ಕಮಲಾಕ್ಷಣ್ಣ ಇಳಿದು ಬಂದು, "ಮುಂಡಪ್ಪಣ್ಣ, ಇದೆಂಥ ತಗಡು ಬಡಿಯುದು? ಬಿಲ್ಡಿಂಗಿನಲ್ಲಿ ಮರ್ಯಾದಸ್ಥರು ಇರುದು ಬೇಡ್ವಾ?" ಎಂದು ಅಪ್ಪನನ್ನು ದಬಾಯಿಸಿದರು. ಹೋಟೆಲಿನ ಗಲ್ಲಾದಲ್ಲಿ ಕೂತು ಎಲ್ಲರಿಗೂ ತಲೆಯಾಡಿಸಿ ಅಭ್ಯಾಸವಾಗಿದ್ದ ಅಪ್ಪ ಸೆಟ್ಟನ್ನು ಹೊರಗೆ ಹಾಕಿಸಿದರು. ಅದು ಡೊಂಬಿವಲಿಯ ಗೆಳೆಯನೊಬ್ಬನ ಗ್ಯಾರೇಜು ಸೇರಿತು.

ಮನೆಯಲ್ಲಿ ಮಯೂರ ತಲೆದಿಂಬಿನ ಮೇಲೆ ಬಾರಿಸತೊಡಗಿದ. ದಿಂಬು ಹರಿದಾಗಲೆಲ್ಲ ಅಮ್ಮ ಹತ್ತಿ ತುಂಬಿ ಹೊಲಿದು ಕೊಡುತ್ತಿದ್ದರು. ಅವನ ಕೈ ಓಡುವುದನ್ನು ದಿನಾ ನೋಡಿದ ಅಮ್ಮ ಅವನ ಡ್ರಮ್ಮಿನ ಸದ್ದನ್ನು ಆಮೇಲೆ ಒಮ್ಮೆಯೂ ಕೇಳಲಿಲ್ಲ.

ಹೊರಗೆ ಅವನಿಗೆ ಹೆಸರಿತ್ತು. ನಾಲ್ವರ ರಾಕ್ ಬ್ಯಾಂಡು; ಸಿನಿಮಾ ಹಾಡು ಮುಟ್ಟದೆ ತಮ್ಮದೇ ಹಾಡು ಕಟ್ಟುತ್ತಿದ್ದರು. ನವಿ ಮುಂಬಯಿಯ ಕಾಲೇಜುಗಳಲ್ಲಿ ಹುಡುಗರು ಅವನ ಹೆಸರು ಹಿಡಿದು ಕೂಗುತ್ತಿದ್ದರು. ಅಮ್ಮನನ್ನು ಅಲ್ಲಿಗೆ ಹೋಗಲು ಅಪ್ಪ ಬಿಡಲಿಲ್ಲ. 2009ರ ಹೊತ್ತಿಗೆ ಉಳಿದ ಮೂವರೂ ಐರೋಲಿಯ ಆಫೀಸುಗಳಲ್ಲಿ ನೌಕರಿ ಹಿಡಿದು ಪ್ರಾಕ್ಟೀಸಿಗೆ ಬರುವುದನ್ನೇ ಬಿಟ್ಟರು. ಫೋನೂ ಎತ್ತಲಿಲ್ಲ, ಹೇಡಿಗಳು! ಮಯೂರ ಮಾತ್ರ ಬಿಡಲಿಲ್ಲ. ಮದುವೆಮನೆಗಳಲ್ಲಿ ಅರಿಶಿನ ಹಚ್ಚುವ 'ಹಳದಿ' ಕಾರ್ಯಕ್ರಮಗಳಲ್ಲಿ ಬಾರಿಸಿದ, ಆಮೇಲೆ ನೆರೂಳದಲ್ಲಿ ಡ್ರಮ್ ಕ್ಲಾಸು ತೆರೆದ.

2017ರಲ್ಲಿ ಅವನ ಶಿಷ್ಯೆ ತೃಷಾ ಟಿವಿ ಸ್ಪರ್ಧೆಯಲ್ಲಿ ಗೆದ್ದಳು. ಗುರುವಿನ ಫೋಟೋವೂ ಪೇಪರಿನಲ್ಲಿ ಬಂತು. ಕೂಡಲೇ ಕಮಲಾಕ್ಷಣ್ಣನಿಗೆ ಇವನು 'ನಮ್ಮ ಹುಡುಗ' ಆಗಿಬಿಟ್ಟ! ವಾರ್ಷಿಕೋತ್ಸವದಲ್ಲಿ ಸನ್ಮಾನವಂತೆ.

"ನನಗೆ ಬಾರಿಸಲಿಕ್ಕೆ ಬಿಡಬೇಕು. ಅಮ್ಮ ಕೇಳಬೇಕು," ಎಂದು ಮಯೂರ ಒಂದೇ ಷರತ್ತು ಹಾಕಿದ. ಅವರು ಒಪ್ಪಿದರು. ಅಪ್ಪ ತೀರಿಹೋಗಿದ್ದರಿಂದ ತಡೆಯುವವರೂ ಇರಲಿಲ್ಲ.

ವಾರ್ಷಿಕೋತ್ಸವದ ಭಾನುವಾರ ಮಂಡಿನೋವಿನ ಅಮ್ಮನನ್ನು ರಿಕ್ಷಾದಲ್ಲಿ ಕರೆತಂದು ಮುಂದಿನ ಸಾಲಿನಲ್ಲಿ ಕೂರಿಸಿದೆ. ವೇದಿಕೆಯ ಮೂಲೆಗೆ ತಳ್ಳಿದ್ದ ಡ್ರಮ್ಮಿನ ಮೇಲೆ ಯಾರೋ ಹೂವಿನ ಬುಟ್ಟಿ ಇಟ್ಟಿದ್ದರು. ಅತಿಥಿಗಳ ಭಾಷಣ ಮುಗಿಯಲೇ ಇಲ್ಲ. ಕೊನೆಗೂ ಮಯೂರನ ತಲೆಗೆ ಪೇಟ, ಹೆಗಲಿಗೆ ಶಾಲು, ಎರಡೂ ಕೈಗೆ ಹಣ್ಣಿನ ತಟ್ಟೆ. ಫೋಟೋ ಹೊಡೆದದ್ದೇ ತಡ, ಕಮಲಾಕ್ಷಣ್ಣ ಮೈಕಿನಲ್ಲಿ ಎಲ್ಲರನ್ನೂ ಊಟಕ್ಕೆ ಎಬ್ಬಿಸಿದರು.

ನಾನು ವೇದಿಕೆಗೆ ಓಡಿದೆ. "ಅವನು ಬಾರಿಸುದು ಉಂಟಲ್ಲ?"

"ಸನ್ಮಾನ ಆಯ್ತಲ್ಲ ಮಾರಾಯ್ತಿ, ಇನ್ನು ಬಾರಿಸುದು ಯಾಕೆ? ಅನ್ನ ತಣೀತದೆ."

ಆ ನಗುಮುಖದ ಕೆನ್ನೆಗೆ ಎರಡು ಬಿಗಿಯಬೇಕೆನಿಸಿತು. ಮಯೂರ ತಟ್ಟೆ ಹಿಡಿದು ತಲೆಯಾಡಿಸುತ್ತ ನಿಂತಿದ್ದ, ಥೇಟ್ ಅಪ್ಪನ ಹಾಗೆ. ಅದನ್ನು ನೋಡಿ ಇನ್ನೂ ಸಿಟ್ಟು ಬಂತು.

ಅಷ್ಟರಲ್ಲಿ ಅಮ್ಮ ಗೋಡೆ ಹಿಡಿದುಕೊಂಡು ಮೆಟ್ಟಿಲು ಹತ್ತಿ ಬಂದಿದ್ದರು. ಮಗನ ಕೈಯ ತಟ್ಟೆ ಕಿತ್ತು ಕಮಲಾಕ್ಷಣ್ಣನ ಕೈಗೆ ತುರುಕಿದರು.

"ಇದನ್ನು ನೀನೇ ಹಿಡ್ಕೊ ಕಮಲಾಕ್ಷ. ಮಗಾ, ನೀನು ಬಾರಿಸು."

ಮಯೂರ ಹೂವಿನ ಬುಟ್ಟಿ ಇಳಿಸಿ ಕೂತ. ಕಮಲಾಕ್ಷಣ್ಣ ತಟ್ಟೆ ಹಿಡಿದೇ, "ಏಯ್, ಮೈಕ್ ಬಂದ್ ಮಾಡಿ!" ಎಂದು ಅರಚಿದರು. ಮೈಕ್ ಬಂದ್ ಆಯಿತು.

ಡ್ರಮ್ಮಿಗೆ ಮೈಕ್ ಯಾಕೆ?