ಮಗಳ ಚೆಲ್ಲೋ, ನನ್ನ ಕಿವಿ

ಆರು ವಾರ ನಾನು ನನ್ನ ಮಗಳಿಗೆ ದಿನಾ ಬೈದಿದ್ದೇನೆ. ಕಾರಣ ಒಂದೇ. ಚೆಲ್ಲೋದಲ್ಲಿ, ಅಂದರೆ ಕಾಲುಗಳ ನಡುವೆ ನಿಲ್ಲಿಸಿ ನುಡಿಸುವ ಆ ದೊಡ್ಡ ಪಿಟೀಲಿನಲ್ಲಿ, ಮೇಲಿನ ಸ್ವರಗಳಿಗೆ ಹೋದಾಗಲೆಲ್ಲ ಅವಳ ಶ್ರುತಿ ಏರುತ್ತಿತ್ತು. ಏರಿದಂತೆ ನನಗೆ ಕೇಳಿಸುತ್ತಿತ್ತು ಎಂದು ಬರೆಯುವುದು ಸರಿ. ಆದರೆ ಅವೆರಡೂ ಬೇರೆ ಬೇರೆ ಎಂದು ಆಗ ಯಾರಾದರೂ ಹೇಳಿದ್ದರೆ ಅವರಿಗೂ ನಾಲ್ಕು ಮಾತು ಬೈಯುತ್ತಿದ್ದೆ.

ಅವಳಿಗೆ ಹದಿಮೂರು ವರ್ಷ. ಆಯ್ದ ಮಕ್ಕಳಿಗೆ ಶನಿವಾರಗಳಂದು ಕಲಿಸುವ ಸಂಗೀತ ಶಾಲೆಯೊಂದು ಲಂಡನ್ನಿನ ನಡುಮಧ್ಯದಲ್ಲಿದೆ. ಅಲ್ಲಿ ಸೇರಬೇಕೆಂಬುದು ಅವಳದೇ ಆಸೆ, ನಾನು ತುಂಬಿದ್ದಲ್ಲ. ಆ ವರ್ಷ ಚೆಲ್ಲೋಗೆ ಇದ್ದದ್ದು ಎರಡೇ ಸೀಟು. ಆಡಿಷನ್‌ಗೆ ಅವಳು ಆರಿಸಿಕೊಂಡದ್ದು, ತೀರಿಕೊಂಡು ನೂರು ವರ್ಷವಾದ ಒಬ್ಬ ಫ್ರೆಂಚ್ ಸಂಗೀತಗಾರರ ಚಿಕ್ಕ ಶೋಕಕೃತಿಯನ್ನು. ಚೆಲ್ಲೋ ಅಳುತ್ತದೆ, ಪಿಯಾನೋ ಜೊತೆಗೆ ನಡೆಯುತ್ತದೆ. ಪಿಯಾನೋಕ್ಕೆ ಬೇರೆ ಯಾರು? ನಾನೇ. ಉಡುಪಿ ಕಡೆಯ ನಮ್ಮ ಇಗರ್ಜಿಯಲ್ಲಿ ಹನ್ನೆರಡನೇ ವಯಸ್ಸಿಗೇ ಹಾರ್ಮೋನಿಯಂ ಹಿಡಿದವನು. ಲಂಡನ್ನಿನ ಅಂಚಿನ ಸಟನ್‌ಗೆ ಬಂದ ಮೇಲೆ ಇಲ್ಲಿಯ ಚರ್ಚಿನ ಗಾಯಕವೃಂದವನ್ನು ಹನ್ನೊಂದು ವರ್ಷದಿಂದ ನಡೆಸುತ್ತಿದ್ದವನು. ವಾರದ ದಿನಗಳಲ್ಲಿ ಪಾರ್ಕ್ ರಾಯಲ್‌ನ ಬ್ರೆಡ್ ಕಾರ್ಖಾನೆಯಲ್ಲಿ, ಹಿಟ್ಟು ಕಲಸುವ ಯಂತ್ರಗಳ ನಡುವೆ ಸೂಪರ್‌ವೈಸರ್. ಅಲ್ಲಿ ಕಿವಿಗೆ ಹಾಕಿಕೊಳ್ಳಲು ಪ್ಲಗ್ ಕೊಡುತ್ತಾರೆ. ನೋಯುತ್ತದೆಂದು ನಾನು ಜೇಬಿನಲ್ಲಿ ಇಟ್ಟುಕೊಳ್ಳುತ್ತಿದ್ದೆ.

"ಮೇಲೆ ಹೋಯ್ತು. ಇನ್ನೊಮ್ಮೆ."

ಅವಳು ಫೋನಿನಲ್ಲಿ ಶ್ರುತಿ ಅಳೆಯುವ ಟ್ಯೂನರ್ ಆ್ಯಪ್ ತೆರೆದು ನನ್ನ ಮೂಗಿನ ಮುಂದೆ ಹಿಡಿದಳು. ಮುಳ್ಳು ಸರಿಯಾಗಿ ನಡುವೆ ನಿಂತಿತ್ತು.

"ಪಪ್ಪಾ, ಇಟ್ಸ್ ಇನ್ ಟ್ಯೂನ್. ಲುಕ್."

"ಅದಕ್ಕೆ ಕಿವಿ ಉಂಟಾ? ಕಿವಿ ಇರುವುದು ನನಗೆ. ಸುಮ್ಮನೆ ಪುನಃ ನುಡಿಸು ಮಾರಾಯ್ತಿ."

ಫೋನನ್ನು ಕಿತ್ತು ಸೋಫಾದ ಮೇಲೆ ಎಸೆದೆ. ಅಡುಗೆಮನೆಯಿಂದ ನನ್ನ ಹೆಂಡತಿಯ ದನಿ ಬಂತು. ಅವಳು ಮೈಸೂರಿನವಳು, ಸಿಟ್ಟಿನಲ್ಲೂ ಬಹುವಚನ ಬಿಡುವವಳಲ್ಲ.

"ಏನ್ರೀ, ಮಗು ಮೇಲೆ ಯಾಕೆ ಹಂಗೆ ಕಿರುಚ್ತೀರಾ? ಪಕ್ಕದ ಫ್ಲಾಟ್‌ನೋರಿಗೆಲ್ಲ ಕೇಳ್ಸುತ್ತೆ."

ಮಗಳು ಮತ್ತೆ ನುಡಿಸಿದಳು. ಈ ಸಲ ಬೆರಳನ್ನು ಕೂದಲೆಳೆಯಷ್ಟು ಹಿಂದೆ ಸರಿಸಿ ಸ್ವರ ಇಳಿಸಿದಳು. ನನಗೆ ಸಮಾಧಾನವಾಯಿತು. ಅಂದಿನಿಂದ ಮೇಲಿನ ಸ್ವರ ಬಂದಾಗಲೆಲ್ಲ ಅವಳು ತಂತಿಯನ್ನು ಬಿಟ್ಟು ನನ್ನ ಮುಖವನ್ನು ನೋಡತೊಡಗಿದಳು. ಹುಬ್ಬು ಗಂಟಿಕ್ಕಿದರೆ ಬೆರಳು ಇನ್ನಷ್ಟು ಹಿಂದೆ. ಅದನ್ನು ನಾನು ಶ್ರದ್ಧೆ ಎಂದುಕೊಂಡೆ.

ನಾಲ್ಕನೇ ವಾರ ಅವಳ ಚೆಲ್ಲೋ ಟೀಚರ್, ಮೇಲಿನ ಸ್ವರಗಳು ಈಚೆಗೆ ಸ್ವಲ್ಪ ಇಳಿಯುತ್ತಿವೆ ಎಂದು ಅವಳ ಅಭ್ಯಾಸದ ಪುಸ್ತಕದಲ್ಲಿ ಬರೆದು ಕಳಿಸಿದರು. ಅವರಿಗೆ ವಯಸ್ಸಾಯಿತು, ಕಿವಿ ಮಂದವಾಗಿರಬೇಕು ಎಂದು ನಾನು ನಕ್ಕೆ. ಮನೆಯ ಪಿಯಾನೋದ ಮೇಲಿನ ಕೊನೆಯೂ ನನಗೆ ಕರ್ಕಶವಾಗಿ ಕೇಳುತ್ತಿತ್ತು. ಟ್ಯೂನ್ ಮಾಡುವವನನ್ನು ಎರಡು ಸಲ ಕರೆಸಿದೆ. ಎರಡು ಸಲವೂ ಅವನು, ಎಲ್ಲ ಸರಿಯಾಗಿದೆ ಸರ್, ಎಂದು ಟೀ ಕುಡಿದು ಹೋದ. ಇಷ್ಟೆಲ್ಲ ಸುಳಿವು ಸಿಕ್ಕರೂ ಅರ್ಥವಾಗದಿದ್ದವನಿಗೆ ಏನೆನ್ನಬೇಕು?

ಆಡಿಷನ್‌ನಲ್ಲಿ ಕೃತಿಕಾರರ ಬಗ್ಗೆಯೂ ಕೇಳುತ್ತಾರೆ ಎಂದಿದ್ದರು. ಆ ಭಾಗವನ್ನು ನಾನು ವಹಿಸಿಕೊಂಡೆ. ಕನ್ನಡ ಮೀಡಿಯಮ್ಮಿನಲ್ಲಿ ಓದಿದವನಿಗೆ ಕವಿ ಪರಿಚಯ ಬರೆಯಲು ಯಾರೂ ಹೇಳಿಕೊಡಬೇಕಾಗಿಲ್ಲ. ಕಾಲ, ಸ್ಥಳ, ಕೃತಿಗಳು, ಬಿರುದು, ಮೂರು ಅಂಕ. ಲೈಬ್ರರಿಯಿಂದ ಫ್ರೆಂಚ್ ಸಂಗೀತಗಾರರ ಜೀವನದ ದಪ್ಪ ಪುಸ್ತಕ ತಂದೆ. ಅವಳು ನುಡಿಸುವ ಕೃತಿಯವರ ಜೊತೆಗೆ, ಇರಲಿ ಎಂದು, ಅವರ ಕಾಲದ ಇನ್ನೂ ಐವರ ಪರಿಚಯ ಬರೆದು ಫ್ರಿಜ್ಜಿಗೆ ಅಂಟಿಸಿದೆ. ಪ್ರತಿ ಅಧ್ಯಾಯದ ಮೊದಲ ಪುಟದಲ್ಲಿ ಹುಟ್ಟು, ಕೊನೆಯ ಪುಟದಲ್ಲಿ ಸಾವು, ಹಿಂದೆ ಕೃತಿಗಳ ಪಟ್ಟಿ. ನಡುವಿನದು ಪರೀಕ್ಷೆಗೆ ಬರುವುದಿಲ್ಲ, ಆದ್ದರಿಂದ ಓದಿರಲಿಲ್ಲ.

ಓದಿದ್ದು ಆಡಿಷನ್ ದಿನ ಬೆಳಿಗ್ಗೆ, ವಿಕ್ಟೋರಿಯಾ ಸ್ಟೇಷನ್ನಿಗೆ ಹೋಗುವ ರೈಲಿನಲ್ಲಿ. ಮಗಳು ಎದುರಿನ ಸೀಟಿನಲ್ಲಿ ಚೆಲ್ಲೋ ಪೆಟ್ಟಿಗೆಯನ್ನು ಕಾಲುಗಳ ನಡುವೆ ಹಿಡಿದು, ಇಯರ್‌ಫೋನ್ ಹಾಕಿಕೊಂಡು ಕಿಟಕಿಯ ಆಚೆ ನೋಡುತ್ತಿದ್ದಳು. ಸುಮ್ಮನಿರಲಾರದೆ ಪುಸ್ತಕ ತೆಗೆದೆ.

ಆ ಶೋಕಕೃತಿಯ ಸಂಗೀತಗಾರರು ಪ್ಯಾರಿಸ್ಸಿನ ಸಂಗೀತ ಕಾಲೇಜಿನ ಮುಖ್ಯಸ್ಥರಾಗಿದ್ದಾಗಲೇ ಅವರ ಕಿವಿ ಕೆಡತೊಡಗಿತ್ತು. ಅದನ್ನು ವರ್ಷಗಟ್ಟಲೆ ಮುಚ್ಚಿಟ್ಟರು. ಬರೀ ಮಂದವಾದದ್ದಲ್ಲ. ಕೆಳಗಿನ ಸ್ವರಗಳು ಇನ್ನೂ ಕೆಳಗೆ, ಮೇಲಿನ ಸ್ವರಗಳು ಇನ್ನೂ ಮೇಲೆ ಕೇಳುತ್ತಿದ್ದವು. ತಮ್ಮದೇ ಸಂಗೀತ ಅವರಿಗೆ ಅಪಸ್ವರವಾಗಿ ಕೇಳುತ್ತಿತ್ತು.

ಆ ಸಾಲನ್ನು ಮೂರು ಸಲ ಓದಿದೆ.

"ನಿನ್ನ ಆ್ಯಪ್‌ನಲ್ಲಿ ಸ್ವರ ಹೊರಡಿಸಲಿಕ್ಕೆ ಆಗ್ತದಾ?" ಎಂದೆ. "ಆ ಮೇಲಿನದ್ದು."

ಅವಳು ಅನುಮಾನದಿಂದಲೇ ಫೋನು ಒತ್ತಿ ಒಂದು ಇಯರ್‌ಫೋನ್ ಕೊಟ್ಟಳು. ಬಲ ಕಿವಿಗೆ ಇಟ್ಟುಕೊಂಡೆ. ಅದನ್ನೇ ಎಡ ಕಿವಿಗೆ ಇಟ್ಟುಕೊಂಡೆ. ಎಡಗಡೆ ಸ್ವರ ಮೇಲೇರಿತ್ತು.

"ಈಗ ಬದಲಾಯಿಸಿದೆಯಾ?"

"ನೋ. ಸೇಮ್ ನೋಟ್."

ಮತ್ತೆ ಬಲ, ಮತ್ತೆ ಎಡ. ಒಂದೇ ಸ್ವರ ಎರಡಾಗಿ ಕೇಳಿತು. ಆರು ವಾರಗಳ ಸಂಜೆಗಳೆಲ್ಲ ಒಮ್ಮೆಲೇ ನೆನಪಾದವು.

ಆಡಿಷನ್‌ಗೆ ಇನ್ನು ಮುಕ್ಕಾಲು ಗಂಟೆ ಇತ್ತು. ಹೇಳಿದರೆ ಆಡಿಷನ್ನಿನ ಹೊಸ್ತಿಲಲ್ಲಿ ಮಗು ತಬ್ಬಿಬ್ಬಾದಾಳು. ಹೇಳದಿದ್ದರೆ ನನ್ನ ಹುಬ್ಬನ್ನು ನೋಡಿ ಬೆರಳು ಹಿಂದೆ ಸರಿಸುತ್ತಾಳೆ, ಸೀಟು ಹೋಗುತ್ತದೆ. ಹೀಗೆ ಲೆಕ್ಕ ಹಾಕಿದೆ ಎಂದರೆ ಅರ್ಧ ಸತ್ಯ. ಇನ್ನರ್ಧ ನಾಚಿಕೆಗೇಡಿನದು. ಗಾಯಕವೃಂದ ಬಿಡಬೇಕಾಗುತ್ತದಲ್ಲ, ಕಿವಿ ಸರಿಯಿಲ್ಲದವನು ಇಷ್ಟು ವರ್ಷ ನಮ್ಮನ್ನು ತಿದ್ದಿದನೇ ಎಂದು ಆಡಿಕೊಳ್ಳುತ್ತಾರಲ್ಲ ಎಂಬ ಚಿಂತೆ. ರೈಲಿಳಿದು, ನೆಲದಡಿಯ ಟ್ಯೂಬ್ ರೈಲು ಹಿಡಿದು, ಶಾಲೆಯ ಮೆಟ್ಟಿಲು ಹತ್ತುವವರೆಗೂ ನಾನು ಬಾಯಿ ಬಿಡಲಿಲ್ಲ.

ಅಭ್ಯಾಸಕ್ಕೆಂದು ಒಂದು ಕೋಣೆಯಲ್ಲಿ ಹತ್ತು ನಿಮಿಷ ಕೊಟ್ಟರು. ನುಡಿಸಿದೆವು. ಮೇಲಿನ ಸ್ವರ ಬಂತು. ಅವಳ ಕಣ್ಣು ನನ್ನ ಮುಖಕ್ಕೆ ಬಂತು. ನನ್ನ ಕೈ ನಿಂತುಹೋಯಿತು.

"ಮಗಾ, ನೀನು ನುಡಿಸಿದ್ದು ಮೊದಲಿನಿಂದಲೂ ಸರಿಯೇ ಇತ್ತು. ಹಾಳಾದದ್ದು ನನ್ನ ಕಿವಿ. ಈಗ ರೈಲಿನಲ್ಲಿ ಗೊತ್ತಾಯ್ತು."

ಅಳುತ್ತಾಳೆ ಅಂದುಕೊಂಡೆ, ಕೂಗಾಡುತ್ತಾಳೆ ಅಂದುಕೊಂಡೆ. ಅವಳು ನನ್ನೊಡನೆ ಎಂದೂ ಆಡದ ಕನ್ನಡದಲ್ಲಿ, ತಾಯಿಯ ಕನ್ನಡದಲ್ಲಿ ಕೇಳಿದಳು: "ಹಾಗಾದ್ರೆ ನನ್ ಕಿವಿ ಸರೀಗಿದ್ಯಾ?"

ಜಿಪಿ, ಅಂದರೆ ನಮ್ಮ ಬಡಾವಣೆಯ ಡಾಕ್ಟರ ಹತ್ತಿರ ತನ್ನ ಕಿವಿ ತೋರಿಸಲು ಕರೆದುಕೊಂಡು ಹೋಗು ಎಂದು ಅವಳು ತಾಯಿಯನ್ನು ಎರಡು ಸಲ ಕೇಳಿದ್ದಳಂತೆ. ಆಡಿಷನ್ ಮುಗಿಯಲಿ ಎಂದಿದ್ದಳಂತೆ ತಾಯಿ. ಆರು ವಾರ ನನ್ನ ಮಗು ತನಗೇ ಕಿವುಡು ಹತ್ತುತ್ತಿದೆ ಎಂದು ಹೆದರಿಕೊಂಡು ಮಲಗಿದ್ದಾಳೆ. ಇದನ್ನು ಬರೆಯುವಾಗಲೂ ನನಗೆ ತಡೆಯಲಾಗುವುದಿಲ್ಲ.

ಒಬ್ಬರು ಬಾಗಿಲು ತೆರೆದು ನಮ್ಮನ್ನು ಕರೆದರು. ಒಳಗೆ ಮೂವರು ಕುಳಿತಿದ್ದರು. ಪಿಯಾನೋವನ್ನು ನಾನು ಅವಳ ಕಮಾನಿನ ಚಲನೆ ನೋಡಿಕೊಂಡೇ ನುಡಿಸಿದೆ, ಕಿವಿಯನ್ನು ನಂಬಲಿಲ್ಲ. ಮೇಲಿನ ಸ್ವರಗಳು ಒಂದೊಂದೂ ನನಗೆ ಕರ್ಕಶವಾಗಿ ಕೇಳಿದವು, ಹಲ್ಲು ಕಚ್ಚಿ ಕೂತೆ. ಅವಳು ಒಮ್ಮೆಯೂ ತಿರುಗಲಿಲ್ಲ. ಕೃತಿಕಾರರ ಬಗ್ಗೆ ಅವರು ಕೇಳಲೇ ಇಲ್ಲ, ಫ್ರಿಜ್ಜಿನ ಮೇಲಿದ್ದ ಆರು ಪರಿಚಯಗಳೂ ದಂಡ. ಎರಡು ವಾರದ ಮೇಲೆ ಸೀಟು ಸಿಕ್ಕಿದ ಪತ್ರ ಬಂತು. ಅದನ್ನು ಇಲ್ಲೇ ಹೇಳಿಬಿಡುತ್ತೇನೆ, ಏಕೆಂದರೆ ನನ್ನನ್ನು ಕೊರೆಯುವುದು ಬೇರೆಯೇ ಒಂದು ಮಾತು.

ಹೊರಗೆ ಬಂದು ಬಸ್ ಸ್ಟಾಪಿನಲ್ಲಿ ನಿಂತಿದ್ದೆವು. ಜಿಪಿಗೆ ಹೇಳುತ್ತೇನೆ, ಹಿಯರಿಂಗ್ ಏಡ್ ಹಾಕಿಸಿಕೊಳ್ಳುತ್ತೇನೆ, ಮುಂದಿನ ಸಲ ನಿನ್ನ ಜೊತೆ ಸರಿಯಾಗಿ ನುಡಿಸುತ್ತೇನೆ ಎಂದು ನಾನು ಒಂದೇ ಸಮನೆ ಹೇಳುತ್ತಿದ್ದೆ.

"ಬೇಡ ಪಪ್ಪಾ," ಎಂದಳು. "ಬೇರೆ ಯಾರಾದ್ರೂ ನುಡಿಸ್ಲಿ."

"ಕಿವಿ ಸರಿಯಾದ ಮೇಲೆ ಮಾರಾಯ್ತಿ."

"ಕಿವಿಗೋಸ್ಕರ ಅಲ್ಲ," ಎಂದಳು. ಸಿಟ್ಟಿನಿಂದ ಹೇಳಲಿಲ್ಲ. "ನಾನು ಹೇಳ್ತಾನೇ ಇದ್ದೆ. ಯೂ ನೆವರ್ ಬಿಲೀವ್ಡ್ ಮಿ. ಒಂದ್ಸಲಾನೂ."

ಬಸ್ಸು ಬಂತು. ಅವಳು ಚೆಲ್ಲೋವನ್ನು ಎತ್ತಿಕೊಂಡು ಮೊದಲು ಹತ್ತಿದಳು.