ತೋಕಿಯೆಯ ಇಬ್ಬರು ಗಂಡಸರು

ಜಪಾನಿನ ಒನೊಮಿಚಿ ಊರಿನ ಮುರೋಸೆ ತೋಕಿಯೆ, ಗಂಡು ಗಂಡನ್ನು ಪ್ರೀತಿಸುವ ಕತೆಗಳನ್ನು ಚಿತ್ರಗಳಲ್ಲಿ ಬಿಡಿಸುತ್ತಲೇ ತಲೆ ನರೆಸಿಕೊಂಡವಳು. ಅವಳ ಓದುಗರು ಹೆಚ್ಚುಕಡಿಮೆ ಎಲ್ಲರೂ ಹೆಂಗಸರು. ಈ ಸಲದ ಕತೆಯಲ್ಲಿ ಮೊಣಕಾಲು ಕೆಟ್ಟ ದೋಣಿಯವನೊಬ್ಬ, ಗಡಿಯಾರ ರಿಪೇರಿಯವನೊಬ್ಬ. ತಿಂಗಳು ತಿಂಗಳೂ ಪತ್ರಿಕೆಯಲ್ಲಿ ಬಂದ ಕಂತುಗಳಲ್ಲಿ ಅವರು ಒಂದೇ ಕೊಡೆಯಡಿ ನಡೆದಿದ್ದರು. ಒಬ್ಬನ ಮೀನಿನ ಮುಳ್ಳನ್ನು ಇನ್ನೊಬ್ಬ ಬಿಡಿಸಿ ಕೊಟ್ಟಿದ್ದ. ಇನ್ನು ಕೊನೆಯ ಕಂತು ಬಾಕಿ.

ಟೋಕಿಯೋದಿಂದ ಸಂಪಾದಕ ನಗುಮೊ ಫೋನು ಮಾಡಿದ. ಪುಸ್ತಕಕ್ಕೆ ಸುತ್ತುವ ಕಾಗದದ ಪಟ್ಟಿಯ ಮೇಲೆ 'ಶುದ್ಧ ಪ್ರೇಮ' ಎಂದು ಅಚ್ಚು ಹಾಕಿಸುತ್ತೇನೆಂದೂ, ಹಾಸಿಗೆಯ ದೃಶ್ಯವಿಲ್ಲದಿದ್ದರೆ ಪುಸ್ತಕವೇ ಬರುವುದಿಲ್ಲವೆಂದೂ ಒಂದೇ ಉಸಿರಿಗೆ ಹೇಳಿದ.

"ಇದು ಬರೀ ಸ್ನೇಹ ಅಂತಾರೆ ಗುರುಗಳೇ, ಓದೋರು."

"ಒಬ್ಬನ ಜಾಗದಲ್ಲಿ ಹುಡುಗಿ ಇದ್ದಿದ್ರೆ ಆ ಕೊಡೆ ಒಂದೇ ಸಾಕಾಗ್ತಿತ್ತಲ್ಲ ನಿಮಗೆ?"

ಶುಕ್ರವಾರದೊಳಗೆ ಹಾಳೆ ಬೇಕೆಂದ ನಗುಮೊ.

ಮನೆಯಲ್ಲಿ ತಂಗಿ ಚಿಜುಎ. ಶಾಯಿ ಒಣಗಿದ ಮೇಲೆ ಪೆನ್ಸಿಲ್ ಗೆರೆಗಳನ್ನು ರಬ್ಬರಿನಿಂದ ಅಳಿಸಿಕೊಡುವುದು ಅವಳ ಕೆಲಸ, ಅಳಿಸುತ್ತಲೇ ಮೂಗು ಮುರಿಯುವುದು ಅಭ್ಯಾಸ. ಮುಳ್ಳು ಬಿಡಿಸುವ ಪುಟವನ್ನೂ ಹೊಲಸು ಎಂದಿದ್ದಳು. ನಗುಮೊಗೆ ಇದು ಪ್ರೇಮವೇ ಅಲ್ಲ, ಇವಳಿಗೆ ಶುದ್ಧವೇ ಅಲ್ಲ. ತೋಕಿಯೆಗೆ ತಲೆ ಚಚ್ಚಿಕೊಳ್ಳುವಂತಾಯಿತು.

ಸಿಟ್ಟಿನಲ್ಲೇ ಹಾಸಿಗೆಯ ದೃಶ್ಯ ಬಿಡಿಸಿದಳು. ಗೆರೆ ಮಾತ್ರ ಆ ಸಿಟ್ಟಿಗೆ ಬಗ್ಗಲಿಲ್ಲ. ದೋಣಿಯವನ ಅಂಗಿ ಕಳಚಿತು, ಗಡಿಯಾರದವನ ಕನ್ನಡಕ ಪಕ್ಕಕ್ಕೆ ಹೋಯಿತು. ಅಷ್ಟರಲ್ಲಿ ಗಡಿಯಾರದವನ ಕೈ ತಡಕಾಡಿ, ಆ ಕೆಟ್ಟ ಮೊಣಕಾಲಿನ ಕೆಳಗೆ ಒಂದು ದಿಂಬನ್ನು ಸೇರಿಸಿತು. ಮುಗಿಸಿ ನೋಡಿದರೆ ಹಾಸಿಗೆ ಏನನ್ನೂ ಕೆಡಿಸಿರಲಿಲ್ಲ. ನಗುಮೊ ಹೇಳಿದ್ದರಲ್ಲಿ ಅರ್ಧವಾದರೂ ಸರಿಯಿತ್ತು ಎಂಬುದು ಅವಳನ್ನು ಇನ್ನಷ್ಟು ರೇಗಿಸಿತು.

ಆ ಹಾಳೆಯ ಮೇಲೆ ರಬ್ಬರು ಆಡಿಸುತ್ತಿದ್ದ ಚಿಜುಎಯ ಕೈ ನಿಂತಿತು.

"ದಿಂಬು ತೆಳ್ಳಗಾಯ್ತು ಕಣೇ ಅಕ್ಕ. ಕಾಲು ನೋಯಲ್ವಾ ಅವನಿಗೆ?"

ಹಾಳೆಯ ನಕಲು ಪ್ರತಿ ನೋಡಿದ ನಗುಮೊಗೆ ಎಲ್ಲವೂ ಹಿಡಿಸಿತು, ದಿಂಬೊಂದನ್ನು ಬಿಟ್ಟು. ಅದು ಬಿಸಿ ಆರಿಸುತ್ತದೆ, ಆಸ್ಪತ್ರೆಯನ್ನು ನೆನಪಿಸುತ್ತದೆ, ಅಳಿಸಿಬಿಡಿ ಎಂದ.

"ದಿಂಬು ಇರುತ್ತೆ ನಗುಮೊ ಅವರೇ. ಬೇಡ ಅಂದ್ರೆ ಕತೆ ಪೂರ್ತಿ ವಾಪಸ್ ಕಳಿಸಿ."

ಮೇಲಿನವರನ್ನು ಕೇಳಿ ಹೇಳುತ್ತೇನೆಂದು ಅವನು ಫೋನಿಟ್ಟ. ತೋಕಿಯೆ ಹಾಳೆಯನ್ನು ಮತ್ತೆ ಎದುರಿಗೆ ಎಳೆದುಕೊಂಡು, ದಿಂಬನ್ನು ಒಂದಿಷ್ಟು ದಪ್ಪ ಮಾಡತೊಡಗಿದಳು.